ಮದ್ದಿನ ಮನೆಯ ಹೊರಗೆ ನಿಂತ ಅಕ್ಕೋರು

ಅಕ್ಕೋರ ಬಲಗೈಯ ತೋರುಬೆರಳು ಮೇಲಿನ ಗೆಣ್ಣಿನಿಂದ ಎಡಕ್ಕೆ ಸೊಟ್ಟಗಿತ್ತು. ಗುಡ್ಡ ತೋರಿಸಿದರೆ ಬೆರಳು ಹೊಲ ತೋರಿಸುತ್ತಿತ್ತು, ಕೋಟೆಯ ಬಾಗಿಲು ತೋರಿಸಿದರೆ ಪಕ್ಕದ ಜಾಲಿಗಿಡ. ಟೆಂಪೋದಿಂದ ಇಳಿದ ಮಂದಿಯೆಲ್ಲ ಒಮ್ಮೆಲೇ ತಪ್ಪು ದಿಕ್ಕಿಗೆ ಕತ್ತು ಹೊರಳಿಸಿದಾಗ ಅವರು ಗದರುತ್ತಿದ್ದರು: “ಬೆರಳ ಏನ್ ನೋಡ್ತೀರಿ? ನನ್ನ ಕಣ್ಣ ನೋಡ್ರಿ. ಕಣ್ಣು ಎತ್ತ ಹೊಂಟಾವು ಅತ್ತ ನೋಡ್ರಿ!” ಆ ಬೆರಳೇ ಒಂದು ದಿನ ನಮ್ಮ ಅಂಗಡಿಯನ್ನು ತೋರಿಸಿತು. ಆಗ ಮಾತ್ರ ಒಬ್ಬರೂ ತಪ್ಪು ದಿಕ್ಕಿಗೆ ನೋಡಲಿಲ್ಲ.

ಅವರು ರೋಣದ ಸಾಲೆಯಲ್ಲಿ ಇತಿಹಾಸ ಕಲಿಸಿದವರು. ಊರಿಗೆ ಊರೇ ಅವರನ್ನು ಅಕ್ಕೋರು ಅನ್ನುತ್ತಿತ್ತು, ನಾನೂ ಹಾಗೇ ಅನ್ನುತ್ತೇನೆ. ನಿವೃತ್ತರಾದ ಮೇಲೆ ಮನೆಯಲ್ಲಿ ಕೂತು ಬತ್ತಿ ಹೊಸೆಯುವ ಜಾಯಮಾನ ಅವರದ್ದಲ್ಲ. ತಮ್ಮನ ಮಗನ ಟೆಂಪೋ ಹೊರಡಿಸಿ, ರವಿವಾರಕ್ಕೊಮ್ಮೆ ಮಂದಿಯನ್ನು ಹಳೆಯ ಯುದ್ಧದ ಜಾಗಗಳಿಗೆ ಕರೆದೊಯ್ಯತೊಡಗಿದರು. ಮುಂಜಾನೆ ಗಜೇಂದ್ರಗಡ, ಇಳಿಹೊತ್ತಿಗೆ ನರಗುಂದ, ದೀಪ ಹಚ್ಚುವ ಹೊತ್ತಿಗೆ ಮರಳಿ ರೋಣ. ದೂರದೂರದ ಊರುಗಳಿಂದ ಮಂದಿ ಬರುತ್ತಿದ್ದರು. ಅವರ ಬಾಯಿ ಅಂಥದ್ದು.

ಆ ಬಾಯಿಯೇ ನಮ್ಮ ಮನೆತನಕ್ಕೆ ಮುಳುವಾಯಿತು.

ನಮ್ಮದು ನರಗುಂದದ ಬಜಾರದಲ್ಲಿ ಕಾಳುಕಡಿ ಅಂಗಡಿ. ಅಪ್ಪ ತೀರಿಕೊಂಡ ಮೇಲೆ ಗಲ್ಲೆಯ ಮೇಲೆ ಕೂತವಳು ನಾನು. ನಮ್ಮ ಊರಲ್ಲಿ ಒಂದು ಹಳೆಯ ಮಾತಿದೆ. ದೊರೆಯ ಬಂಡಾಯದ ಕಾಲಕ್ಕೆ ಇಂಗ್ರೇಜಿ ದಂಡು ಗುಡ್ಡದ ಬುಡಕ್ಕೆ ಬಂದಾಗ ಕೋಟೆಯ ತೋಪುಗಳು ಹಾರಲಿಲ್ಲವಂತೆ, ಯಾರೋ ಮನೆಮುರುಕರು ಸಿಡಿಮದ್ದಿನಲ್ಲಿ ಬೂದಿ ಕಲಸಿದ್ದರಂತೆ. ಯಾರು ಎಂದು ಕೇಳಿದರೆ ಓಣಿಗೊಂದು ಉತ್ತರ. ನಮ್ಮ ಓಣಿಯ ಉತ್ತರ ನಾವು. ನಮ್ಮ ಮುತ್ತಾತನ ಮುತ್ತಾತ ಮದ್ದಿನ ಚೀಲ ಹೊರುತ್ತಿದ್ದನಂತೆ, ಅಷ್ಟೇ ಸಾಕಾಯಿತು. ದೀಪಾವಳಿಯಲ್ಲಿ ಯಾರ ಪಟಾಕಿಯಾದರೂ ಠುಸ್ಸೆಂದರೆ ಹುಡುಗರು ನಮ್ಮ ಅಡ್ಡಹೆಸರು ಹಿಡಿದು ಹೋ ಎಂದು ಕೂಗುತ್ತಿದ್ದರು. ಜೋಳ ಕೊಳ್ಳಲು ಬಂದವರು ಬೊಗಸೆಯಲ್ಲಿ ಹಿಡಿದು ಊದಿ, “ಬೂದಿ ಇಲ್ಲಲ್ಲ?” ಎಂದು ನಗುತ್ತಿದ್ದರು. ಅಪ್ಪನೂ ನಗುತ್ತಿದ್ದ. ಅವರು ಹೋದ ಮೇಲೆ ಸಾಣಿಗೆ ತೆಗೆದುಕೊಂಡು, ಹಸನಾದ ಕಾಳನ್ನೇ ಮತ್ತೊಮ್ಮೆ ಹಸನು ಮಾಡುತ್ತಿದ್ದ. ಆ ಸಾಣಿಗೆಯ ಸಪ್ಪಳ ನೆನಪಾದರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ.

ಓಣಿಯ ಮಾತು ಓಣಿಯಲ್ಲಿ ಇದ್ದಿದ್ದರೆ ಹೇಗೋ ನಡೆಯುತ್ತಿತ್ತು. ಅಕ್ಕೋರು ಅದನ್ನು ಟೆಂಪೋ ಹತ್ತಿಸಿದರು. ಗುಡ್ಡದ ಮೇಲೆ ಪಾಳುಬಿದ್ದ ಗೋಡೆಗಳನ್ನು ಮದ್ದಿನ ಮನೆ ಎಂದು ತೋರಿಸಿ, ಬೂದಿಯ ಕಥೆ ಹೇಳಿ, ನಮ್ಮ ಮನೆತನದ ಹೆಸರು ಹೇಳಿ, ಬಂದವರಿಂದ ಅದರ ಒಂದು ಗೋಡೆಗೆ ಒಟ್ಟಿಗೆ ಉಗುಳಿಸುತ್ತಿದ್ದರು. ಮಂದಿಗೆ ಅದೇ ಹಬ್ಬ. ಎಲೆಯಡಿಕೆ, ಗುಟಕಾ ಎಲ್ಲ ಬಿದ್ದು ಗೋಡೆ ಕೆಂಪಾಗಿತ್ತು. ಗುಡ್ಡ ಇಳಿದ ಮೇಲೆ ತಮ್ಮನ ಮಗ ಬಜಾರದಲ್ಲಿ ಟೆಂಪೋ ನಿಧಾನ ಮಾಡುತ್ತಿದ್ದ, ಅಕ್ಕೋರ ಸೊಟ್ಟ ಬೆರಳು ನಮ್ಮ ಅಂಗಡಿಯತ್ತ ಚಾಚುತ್ತಿತ್ತು. ಒಂದು ರವಿವಾರ ಅದರಿಂದ ಇಳಿದ ಒಬ್ಬ ದೊಡ್ಡ ಮನುಷ್ಯ ನಮ್ಮ ಅಂಗಡಿಯ ಮುಂದೆ ನಿಂತು ಫೋಟೋ ಹೊಡೆದುಕೊಂಡ. ಆಮೇಲೆ ಅಪ್ಪ ಕೂರುತ್ತಿದ್ದ ಕಟ್ಟೆಗೆ ಉಗುಳಿ ಹೋದ.

ನಾನು ಆ ಕಟ್ಟೆ ತೊಳೆಯಲಿಲ್ಲ. ಮುಂದಿನ ರವಿವಾರ ನಸುಕಿನ ಬಸ್ಸು ಹಿಡಿದು ರೋಣಕ್ಕೆ ಹೋಗಿ, ಎಲ್ಲರಂತೆ ಆ ಟೆಂಪೋದಲ್ಲಿ ಕೂತೆ. ಜಗಳ ಆಡುವುದಕ್ಕೇ ಹೋಗಿದ್ದೆ, ಮುಚ್ಚುಮರೆ ಏನಿಲ್ಲ.

ಗಜೇಂದ್ರಗಡದ ಗುಡ್ಡದ ಮೇಲೆ ಗಾಳಿ ಅಂದರೆ ಗಾಳಿ. ಇಳಕಲ್ ಸೀರೆಯ ಸೆರಗು ಸೊಂಟಕ್ಕೆ ಸಿಕ್ಕಿಸಿ, ಕಾಲಿಗೆ ಗಂಡಸರ ಕ್ಯಾನ್ವಾಸ್ ಬೂಟು ಹಾಕಿ, ಅಕ್ಕೋರು ಎಲ್ಲರಿಗಿಂತ ಮುಂದೆ ಹತ್ತಿದರು. ನಮ್ಮ ಟೆಂಪೋದಲ್ಲೇ ಬಂದ ಒಂದು ಜೋಡಿ ಕೋಟೆಗೋಡೆಯ ಮೇಲೆ ಕೈ ಚಾಚಿ ಸೆಲ್ಫಿಗೆ ನಿಂತಿತ್ತು. “ಏ ಇಳೀರಿ ಕೆಳಗ! ಇಲ್ಲೆ ಹೆಣ ಬಿದ್ದಾವು, ನೀವು ಹಲ್ಲ ಕಿಸಗೊಂಡು ನಿಂತೀರೇನು? ನಿಮ್ಮ ಅಜ್ಜನ ಗೋರಿ ಮ್ಯಾಲೆ ಹಿಂಗ ಕುಣೀತೀರಿ?” ಹುಡುಗಿ ಅಳುವ ಹಾಗಾದಳು. ಅಕ್ಕೋರು ಚೀಲದಿಂದ ಶೇಂಗಾ ಉಂಡಿ ತೆಗೆದು ಅವಳ ಕೈಗೆ ತುರುಕಿ, ಮಾತು ಮುಂದುವರಿಸಿದರು. “ದೊರಿಗೋಳ ಹೆಸರು ಗ್ವಾಡಿ ಮ್ಯಾಲೆ ಅದಾವು. ಅವರಿಗೆ ನೀರು ಹೊತ್ತು ತಂದಾಂವನ ಹೆಸರು ಎಲ್ಲೈತಿ? ಸತ್ತಾಗ ಇಬ್ಬರ ರಕ್ತನೂ ಕೆಂಪ ಇತ್ತಲ್ಲೋ!”

ಖರೆ ಹೇಳುತ್ತೇನೆ, ಜಗಳಕ್ಕೆ ಹೋದ ನನಗೆ ಅವರ ಮಾತು ಹಿಡಿಸಿಬಿಟ್ಟಿತು. ಅದಕ್ಕೇ ಇನ್ನೂ ಸಿಟ್ಟು ಬಂತು. ಇಷ್ಟೆಲ್ಲ ತಿಳಿದವಳಿಗೆ, ನೀರು ಹೊತ್ತವನ ಹೆಸರಿಲ್ಲವೆಂದು ಮರುಗುವವಳಿಗೆ, ಮದ್ದು ಹೊತ್ತವನ ಹೆಸರು ಅಷ್ಟು ಅಗ್ಗವಾಯಿತೇ?

ಬೆಳವಣಕಿಯಲ್ಲಿ ಗಿಡದ ನೆರಳಿಗೆ ರೊಟ್ಟಿಬುತ್ತಿ ಬಿಚ್ಚಿದರು. ನನ್ನ ಪಕ್ಕ ಕೂತವನು ಅವರ ಹಳೆಯ ವಿದ್ಯಾರ್ಥಿ, ಈಗ ಬ್ಯಾಂಕಿನಲ್ಲಿ ನೌಕರಿ. ಅಕ್ಕೋರ ಪಾಠ ನೆನೆದು ನಗುತ್ತಿದ್ದ. “ಊಹಾ ಮಾಡಿ ಉತ್ತರ ಹೇಳಿದ್ರ ಮುಗೀತ್ರಿ. ನೋಡಿದ್ಯಾ? ಓದಿದ್ಯಾ? ಇಲ್ಲಂದ್ರ ಹೊರಗ ನಿಂದ್ರು ಅಂತಿದ್ರು. ತಪ್ಪ ಹೇಳಿದ್ರ ಬೈತಿರ್ಲಿಲ್ಲ, ಗೊತ್ತಿಲ್ಲದ್ದು ಗೊತ್ತೈತಿ ಅಂದ್ರ ಮಾತ್ರ ಬಿಸಲಾಗ ನಿಂದ್ರಸ್ತಿದ್ರು.”

ನರಗುಂದದ ಗುಡ್ಡ ಹತ್ತುವಾಗ ಒಮ್ಮೆ ಹಿಂದಿರುಗಿ ನೋಡಿದೆ. ಕೆಳಗೆ ನಮ್ಮ ಬಜಾರ, ನಮ್ಮ ಅಂಗಡಿಯ ತಗಡು. ಮದ್ದಿನ ಮನೆಯ ನಾಲ್ಕು ಮೋಟುಗೋಡೆಗಳ ಒಳಗೆ ಎಲ್ಲರನ್ನೂ ಕೂಡಿಸಿ ಅಕ್ಕೋರು ದನಿ ಇಳಿಸಿದರು.

“ಇಂಗ್ರೇಜರು ಗೆದ್ದಿಲ್ಲ ಇಲ್ಲೆ. ಬೂದಿ ಗೆದ್ದೈತಿ. ಅದನ್ನ ಕಲಸಿದ ಮನಿತನ ಇವತ್ತಿಗೂ ಕೆಳಗ ಕಾಳು ಮಾರತೈತಿ.” ನಮ್ಮ ಅಡ್ಡಹೆಸರು ಹೇಳಿದರು. “ಹಾಂ, ಎಲ್ಲಾರೂ ಕೂಡಿ…”

ಥೂ ಎಂದು ಉಗುಳಿದರು. ಬೆಳಗ್ಗೆ ಬೈಸಿಕೊಂಡ ಆ ಹುಡುಗಿಯೂ ಉಗುಳಿದಳು.

ನಾನು ಹೋಗಿ ಗೋಡೆಗೆ ಬೆನ್ನು ಹಚ್ಚಿ ನಿಂತೆ. “ಗ್ವಾಡಿ ಏನ್ ಮಾಡೇತ್ರಿ ಪಾಪ? ಆ ಮನಿ ಮಗಳು ನಾನು. ಮಾರಿಗೇ ಉಗಳ್ರಿ.”

ಅಕ್ಕೋರು ನನ್ನನ್ನು ಮೇಲಿಂದ ಕೆಳಗೆ ನೋಡಿದರು. ಅವರಿಗೂ ಸಿಟ್ಟು ಬಂದಿತ್ತು. “ಮುಂಜಾನಿಂದ ಕುಂತು ಉಂಡು ಈಗ ಹೇಳ್ತೀಯಲ್ಲವಾ?”

“ನಾ ಹೇಳೂದು ಬಿಡ್ರಿ. ನೀವು ಹೇಳೂದು ನಿಮಗ ಯಾರು ಹೇಳಿದ್ರು?”

“ನಮ್ಮ ಮಾಸ್ತರು.”

“ಅವರು ನೋಡಿದ್ರೇನ್ರಿ?”

“ಅವರಿಗೆ ಹಿರ್ಯಾರು ಹೇಳಿರಬೇಕು.”

“ಆ ಹಿರ್ಯಾರಿಗೆ? ನೀವು ಎಲ್ಲೆರ ಓದೀರೇನ್ರಿ ಅಕ್ಕೋರ? ನಮ್ಮ ಅಪ್ಪ ಸಾಯೂ ತನಕ ಸಾಣಿಗಿ ಹಿಡದ. ಯಾರ ಮಾತಿಗೆ ಹಿಡದ, ಅಷ್ಟ ಹೇಳ್ರಿ.”

ಬ್ಯಾಂಕಿನವನು ನೆಲ ನೋಡುತ್ತಿದ್ದ. ಅಕ್ಕೋರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡು, ಎಲ್ಲರಿಗೂ ಕೇಳುವ ಹಾಗೆ ಹೇಳಿದರು. “ನೋಡಿಲ್ಲ. ಓದಿಲ್ಲ. ಹೊರಗ ನಿಂದ್ರಬೇಕಾದಾಕಿ ನಾನು.”

ಹೇಳಿದವರು ಹೋಗಿ ನಿಂತೇ ಬಿಟ್ಟರು. ಮೋಟುಗೋಡೆಯ ಹೊರಗೆ, ಪಡುವಣ ಬಿಸಿಲಿಗೆ ಮುಖ ಕೊಟ್ಟು, ಕೈ ಕಟ್ಟಿ. ತಮ್ಮನ ಮಗ ಓಡಿ ಬಂದ. “ಅತ್ತಿ, ಏನಿದು ಹುಚ್ಚಾಟ? ನಡೀರಿ, ಹೊತ್ತಾತು.” ಅವರು ಅವನತ್ತ ತಿರುಗಲೂ ಇಲ್ಲ. “ನನ್ನ ಪಾಳಿ ಮುಗದಿಲ್ಲೋ. ನೀ ಮಂದೀನ ಕರಕೊಂಡು ಇಳಿ.” ಹೊತ್ತು ಮುಳುಗುವ ತನಕ ಹಾಗೇ ನಿಂತಿದ್ದರು. ಮಂದಿಯೂ ಇಳಿಯಲಿಲ್ಲ, ಕಲ್ಲುಗಳ ಮೇಲೆ ಅಲ್ಲಲ್ಲಿ ಕೂತರು.

ನನ್ನ ಕಣ್ಣಲ್ಲಿ ನೀರು ಬಂತು ಎಂದು ಬರೆದರೆ ಓದುವವರಿಗೆ ಸಮಾಧಾನವಾದೀತು. ಬರಲಿಲ್ಲ. ಎಷ್ಟೋ ವರ್ಷ ಎಷ್ಟೋ ಮಂದಿಯಿಂದ ಉಗುಳಿಸಿ, ಒಂದು ಸಂಜೆ ಬಿಸಿಲಿಗೆ ನಿಂತರೆ ಸರಿಹೋಯಿತೇ? ಹಾಗೆಂದೇ ಅವರ ಮುಖಕ್ಕೆ ಅಂದೆ. “ಸರಿಹೋಗಿಲ್ಲವಾ,” ಎಂದರು ಅಕ್ಕೋರು. “ಸರಿಹೋತು ಅಂತ ನಾ ಎಲ್ಲೆ ಅಂದೆ?”

ಮುಂದಿನ ಸಂತೆಯ ದಿನ ಬಜಾರ ಗಿಜಿಗುಡುವ ಹೊತ್ತಿಗೆ ನಮ್ಮ ಅಂಗಡಿಗೆ ಬಂದರು. ಕೈ ಮುಗಿಯಲಿಲ್ಲ, ತಪ್ಪಾಯಿತು ಎಂದು ಗೋಗರೆಯಲಿಲ್ಲ. ಅಪ್ಪನ ಕಟ್ಟೆಯನ್ನು ತಾವೇ ನೀರು ತಂದು ತೊಳೆದರು. ಆಮೇಲೆ, “ಒಂದು ಚೀಲ ಜ್ವಾಳ ಹಾಕು,” ಎಂದು ನಡುಬಜಾರಕ್ಕೆ ಕೇಳುವ ಹಾಗೆ ಕೂಗಿದರು. ಬೊಗಸೆಯಲ್ಲಿ ಹಿಡಿದು ನೋಡಲಿಲ್ಲ, ಊದಲಿಲ್ಲ. ನಾನು ಮುಖ ಗಂಟು ಹಾಕಿಕೊಂಡೇ ತೂಗಿದೆ. ಅಲ್ಲಿಂದ ಮುಂದೆ ಅವರ ಮನೆಯ ಜೋಳ ರೋಣದ ಅಂಗಡಿ ಬಿಟ್ಟು ನರಗುಂದದಿಂದಲೇ ಹೋಯಿತು.

ಟೆಂಪೋದ ಕಥೆಯೂ ಬದಲಾಯಿತು. ಮದ್ದಿನ ಮನೆ ಬಂದಾಗ, “ಈ ಗ್ವಾಡಿ ಮ್ಯಾಲಿನ ಉಗಳೆಲ್ಲ ನನ್ನದು. ಗೊತ್ತಿಲ್ಲದ್ದು ಗೊತ್ತೈತಿ ಅಂತ ಹೇಳಿದೆ,” ಎನ್ನುತ್ತಿದ್ದರು. ಕೊಡದಲ್ಲಿ ನೀರು, ತೆಂಗಿನ ನಾರು ಹಿಡಿದು ಆ ಗೋಡೆ ತಿಕ್ಕುತ್ತಿದ್ದರು. ಬಂದವರಿಗೆ ಇದು ರುಚಿಸಲಿಲ್ಲ. ಯುದ್ಧ ನೋಡಲು ಬಂದವರಿಗೆ ಸೋಲು ಬೇಡ, ಸೋತರೆ ದ್ರೋಹಿ ಬೇಕು, ಆ ದ್ರೋಹಿಗೆ ಮನೆ ನಂಬರೂ ಬೇಕು! ಒಬ್ಬ ಅವರ ಎದುರಿಗೇ, “ಕಾಳಿನಂಗಡಿಯವ್ರು ಏನ್ ಕೊಟ್ರಜ್ಜೀ?” ಎಂದನಂತೆ. ಬರುವವರು ಕಡಿಮೆಯಾದರು. ತಮ್ಮನ ಮಗ ಗೊಣಗಿದ: “ಅತ್ತಿ, ಮಂದಿ ಬರೂದ ಆ ಕಥಿಗೆ.” ಅಕ್ಕೋರು, “ಹಂಗಾರ ಬರೂದು ಬ್ಯಾಡ,” ಎಂದರು.

ಹೋದ ಚಳಿಗಾಲಕ್ಕೆ ಅವರ ಕಾಲು ಬಿದ್ದುಹೋಯಿತು. ಅವರು ಹಾಸಿಗೆ ಹಿಡಿದದ್ದೇ ತಡ, ತಮ್ಮನ ಮಗ ಮೈಕು ಹಿಡಿದು ತಾನೇ ಮಂದಿಯನ್ನು ಕರೆದೊಯ್ಯತೊಡಗಿದ. ಹಳೆಯ ಕಥೆ ಮತ್ತೆ ಶುರುವಾಯಿತು, ಗೋಡೆ ಮತ್ತೆ ಕೆಂಪಾಯಿತು. ನಾನು ನೋಡಲು ಹೋದಾಗ ಅಕ್ಕೋರು ಗೋಡೆಗೆ ಒರಗಿ ಕೂತಿದ್ದರು. ಕಾಲಿನ ಮಾತು, ದವಾಖಾನೆಯ ಮಾತು ಏನೂ ಎತ್ತಲಿಲ್ಲ.

“ಗುಡ್ಡದ ಮ್ಯಾಲೆ ಏನ್ ನಡದೈತಿ? ಖರೇ ಹೇಳು.”

ಸಾಯುವವರ ಮುಂದೆ ಸಿಹಿ ಸುಳ್ಳು ಹೇಳಬೇಕಂತೆ. ನನಗೆ ಆಗಲಿಲ್ಲ. “ಉಗಳಾಕ ಹತ್ಯಾರ್ರಿ,” ಎಂದೆ.

ಅಕ್ಕೋರು ನನ್ನ ಕೈ ಹಿಡಿದರು. ಪ್ರೀತಿಗೆ ಹಿಡಿದದ್ದಲ್ಲ ಅದು, ಸಾಲೆಯ ಹುಡುಗಿಯ ರಟ್ಟೆ ಹಿಡಿದು ನಿಲ್ಲಿಸುವ ಹಾಗೆ. “ಹಂಗಾರ ನಾ ಸತ್ತೆ ಅಂತ ನನಗ ಮಾಫಿ ಮಾಡಬ್ಯಾಡ. ತಿಳೀತಿಲ್ಲೋ? ಮಂದಿ ಸತ್ತರ ಭಾಳ ಲಗೂ ಮಾಫಿ ಮಾಡ್ತಾರ, ಮತ್ತ ಮನಿಗೆ ಹೋಗಿ ಮಲಗ್ತಾರ. ನೀ ಸಿಟ್ಟ ಇಟಗೋ. ಸಿಟ್ಟ ಇದ್ರ ಗುಡ್ಡ ಹತ್ತತಿ.”

ಅದೇ ವಾರ ಅವರು ಹೋದರು. ಮಣ್ಣಿಗೆ ಹೋಗಿದ್ದೆ. ನನಗೆ ದುಃಖವಾಯಿತೋ ಸಿಟ್ಟು ಬಂತೋ ಇವತ್ತಿಗೂ ಬೇರೆ ಮಾಡಿ ಹೇಳಲಾರೆ. ಕಟ್ಟಿದ ಸುಳ್ಳನ್ನು ಪೂರ್ತಿ ಕೆಡವದೆ ಹೋದರಲ್ಲ ಎಂಬ ಸಿಟ್ಟು. ಅಷ್ಟು ಹಟದ ಮನುಷ್ಯರು ನಮ್ಮ ಪಾಲಿಗೆ ಇನ್ನೊಬ್ಬರು ಇಲ್ಲವಲ್ಲ ಎಂಬ ಸಿಟ್ಟು. ಮಾಫಿ ಮಾತ್ರ ಮಾಡಲಿಲ್ಲ, ಅವರು ಹೇಳಿದ ಹಾಗೆ.

ಈಗ ರವಿವಾರ ಮಧ್ಯಾಹ್ನ ಅಂಗಡಿ ಮುಚ್ಚಿ ಗುಡ್ಡ ಹತ್ತುತ್ತೇನೆ. ಟೆಂಪೋ ಬರುವ ಮೊದಲೇ ಮದ್ದಿನ ಮನೆಯ ಗೋಡೆಗೆ ಬೆನ್ನು ಹಚ್ಚಿ ನಿಂತಿರುತ್ತೇನೆ. ಮೈಕಿನವನು ನನ್ನನ್ನು ಕಂಡರೆ ದನಿ ಸಣ್ಣ ಮಾಡುತ್ತಾನೆ. ನಾನು ದೊಡ್ಡ ಮಾಡುತ್ತೇನೆ. ನಾನು ಯಾರ ಮನೆಯವಳು, ಈ ಕಥೆ ಹೇಗೆ ಹುಟ್ಟಿ ಹೇಗೆ ಬೆಳೆಯಿತು, ಅಕ್ಕೋರು ಎಲ್ಲಿ ನಿಂತರು, ಎಲ್ಲ ಹೇಳುತ್ತೇನೆ.

ಹೋದ ವಾರ ಒಬ್ಬ ದಪ್ಪ ಮೀಸೆಯವನು ಬಾಯಿ ತುಂಬ ಎಲೆಯಡಿಕೆ ಇಟ್ಟುಕೊಂಡು ಪೂರ್ತಿ ಕೇಳಿದ. “ನೀವಲ್ಲಂದ್ರ ಮತ್ತ್ಯಾರು ಕಲಸಿದ್ರು? ಒಂದು ಹೆಸರು ಹೇಳ್ರಲ್ಲ.” ಎಲ್ಲರೂ ನನ್ನ ಬಾಯಿಯನ್ನೇ ನೋಡುತ್ತಿದ್ದರು. ನಮ್ಮ ಎದುರಂಗಡಿಯವರ ಹೆಸರು ನಾಲಿಗೆಯ ತುದಿಗೇ ಬಂತು. ಅಪ್ಪನನ್ನು ನೋಡಿ ದಿನಾ ನಕ್ಕವರು ಅವರು. ಒಂದು ಮಾತು ಆಡಿದ್ದರೆ ಸಾಕಿತ್ತು, ಮುಂದಿನ ರವಿವಾರದಿಂದ ಟೆಂಪೋ ಅವರ ಕಟ್ಟೆಯ ಮುಂದೆ ನಿಲ್ಲುತ್ತಿತ್ತು.

“ಗೊತ್ತಿಲ್ರಿ,” ಎಂದೆ.

ಅವನ ಮುಖ ಸಪ್ಪಗಾಯಿತು. ಗಲ್ಲ ಉಬ್ಬಿಸಿಕೊಂಡೇ ಆ ಕಡೆ ಈ ಕಡೆ ನೋಡಿದ. “ಹಂಗಾರ ಯಾರಿಗೆ ಉಗಳೂದ್ರಿ?”

“ನುಂಗ್ರಿ,” ಎಂದೆ.