ಡಾಕ್ಟರ ಕಣ್ಣಿಗಾಗಿ ಚಾಟ್ಸ್‌ವರ್ತ್‌ವರೆಗೆ

2023ರ ಜೂನ್ ತಿಂಗಳ ಒಂದು ಗುರುವಾರ ಬೆಳಿಗ್ಗೆ ಏಳಕ್ಕೆ ಸ್ಕ್ರಿಪ್ಸ್ ರ್ಯಾಂಚ್‌ನ ಮನೆಯಿಂದ ಕಾರು ತೆಗೆದೆ. ಕಾಫಿ ಅರ್ಧಕ್ಕೇ ಬಿಟ್ಟಿದ್ದೆ. ಹಿಂದಿನ ದಿನ ಲಾಸ್ ಏಂಜಲೀಸ್ ಆಚೆಯ ಚಾಟ್ಸ್‌ವರ್ತ್‌ನ ಎರಕದ ಕಾರ್ಖಾನೆಯ ಒಡತಿ ಲಿಂಡಾ ಫೋನ್ ಮಾಡಿದ್ದಳು. ಕಂಚಿನ ಪ್ರತಿಮೆಗೆಂದು ನಾನು ಮಾಡಿಕೊಟ್ಟ ಡಾಕ್ಟರೊಬ್ಬರ ಮೇಣದ ತಲೆಗೆ ಗುರುವಾರ ಸಂಜೆ ಅಚ್ಚಿನ ಲೇಪ ಹಾಕಬೇಕು, ಹಾಕಿದ ಮೇಲೆ ಮೇಣವನ್ನು ಮುಟ್ಟುವಂತಿಲ್ಲ, ಆದರೆ ಅದಕ್ಕೆ ಕಣ್ಣಿನ ಪಾಪೆಯೇ ಇಲ್ಲವಲ್ಲ, ಹಾಗೇ ಬಿಡಲೇ ಎಂದು ಕೇಳಿದಳು.

ಬೇಕೆಂದೇ ಬಿಟ್ಟವನು ನಾನು. ನಮ್ಮದು ಮೈಸೂರಿನಲ್ಲಿ ದೇವರ ವಿಗ್ರಹ ಕೆತ್ತುವ ಮನೆತನ. ಟೆಲಿಕಾಂ ಕೆಲಸದಲ್ಲಿ ಕೂದಲು ನರೆತ ಮೇಲೆ ನಾನು ಮತ್ತೆ ಉಳಿ ಹಿಡಿದಿದ್ದೆ. ನಮ್ಮಲ್ಲಿ ಕಣ್ಣು ತೆರೆಸುವುದು ಎಲ್ಲಕ್ಕಿಂತ ಕೊನೆಗೆ, ಮೂರ್ತಿ ಪೀಠ ಏರಿದ ಮೇಲೆ. ಕಂಚಾಗಿ ಬಂದ ಮೇಲೆ ತೆರೆಸಿದರಾಯಿತು ಎಂದುಕೊಂಡಿದ್ದೆ. ಗಟ್ಟಿ ಕಂಚಿನಲ್ಲಿ ಉಳಿ ಜಾರಿದರೆ ಮುಖವೇ ಕೆಟ್ಟುಹೋಗುತ್ತದೆ ಎಂದು ಲಿಂಡಾ ಹೇಳಿದಾಗ ನಾಳೆ ನಾನೇ ಬಂದು ಮೇಣದಲ್ಲೇ ಕೊರೆದುಕೊಡುತ್ತೇನೆ ಎಂದೆ. ಕಲ್ಲಿನ ಲೆಕ್ಕವನ್ನು ಮೇಣಕ್ಕೆ ಹಾಕಿದ್ದೆ.

ಇಪ್ಪತ್ತೈದು ಮೈಲಿ ಹೋದರೆ ಕಾರ್ಲ್ಸ್‌ಬಾಡ್. ಸಮುದ್ರದ ಕಡೆಯಿಂದ ಮೋಡ ಕವಿದು ಸಣ್ಣ ಚಳಿ ಇತ್ತು. ನನ್ನ ಜೊತೆ ಬರಲು ಸರೋಜಾ ಆಂಟಿ ಪುಳಿಯೋಗರೆಯ ಡಬ್ಬಿ ಹಿಡಿದು ತಮ್ಮ ಮನೆಯ ಗೇಟಿನಲ್ಲೇ ನಿಂತಿದ್ದರು. ತೀರಿಕೊಂಡ ಡಾಕ್ಟರು ಇವರ ಗಂಡ. ಇಲ್ಲಿನ ಕನ್ನಡದವರ ಅಸೋಸಿಯೇಶನ್‌ನವರು ಅವರ ಪ್ರತಿಮೆ ಮಾಡಿಸುತ್ತಿದ್ದರು. ಜೇಡಿಮಣ್ಣಿನ ರೂಪ ನೋಡಲು ಬಂದ ದಿನ ಆಂಟಿ, "ಚೆನ್ನಾಗಿದೆಯಪ್ಪ. ಆದ್ರೆ ಇದು ಅವರಲ್ಲ" ಎಂದಷ್ಟೇ ಹೇಳಿ ಹೋಗಿದ್ದರು. ಅವತ್ತಿನಿಂದ ನನಗೆ ನೆಮ್ಮದಿ ಇರಲಿಲ್ಲ. ಇವತ್ತು ತಪ್ಪಿದರೆ ಅವರಲ್ಲದವರೇ ಕಂಚಾಗಿ ನಿಲ್ಲುತ್ತಿದ್ದರು.

ದಾರಿಯಲ್ಲಿ ಎರಡು ಕಡೆ ನಿಲ್ಲಿಸುವುದೆಂದು ಮೊದಲೇ ಯೋಚಿಸಿದ್ದೆ. ಅಮೋಸ್ ಟ್ರೆಂಬ್ಲಿ ಎಂಬ ಹತ್ತೊಂಬತ್ತನೆಯ ಶತಮಾನದ ಶಿಲ್ಪಿಯ ಎರಡು ಕೆಲಸಗಳು ಅಲ್ಲಿದ್ದವು. ಅವನೂ ನನ್ನ ಹಾಗೆ ಕಲ್ಲಿನಿಂದ ಲೋಹಕ್ಕೆ ಬಂದವನು. ಅವನು ಕಣ್ಣನ್ನು ಹೇಗೆ ಮಾಡುತ್ತಿದ್ದನೆಂದು ಹತ್ತಿರದಿಂದ ನೋಡಬೇಕಿತ್ತು.

ಮೊದಲನೆಯದು ಕಾರ್ಲ್ಸ್‌ಬಾಡ್‌ನ ಕಡಲ ಪಕ್ಕದ ಪಾರ್ಕಿನಲ್ಲಿತ್ತು. ಗಂಡನ ಹಡಗಿಗೆ ಕಾಯುವ ಹೆಂಗಸಿನ ಅಮೃತಶಿಲೆಯ ಪ್ರತಿಮೆ. ಪೂರ್ವದ ಯಾವುದೋ ಊರಿನಿಂದ ಯಾರೋ ಕೊಂಡು ತಂದು ಇಲ್ಲಿಗೆ ದಾನ ಕೊಟ್ಟದ್ದು. ಉಡುಪಿನ ನೆರಿಗೆ, ಬೆರಳಿನ ಉಗುರು ಎಲ್ಲ ಅಚ್ಚುಕಟ್ಟು. ಕಣ್ಣು ಮಾತ್ರ ನುಣ್ಣಗೆ, ಖಾಲಿ.

"ಪಾಪ, ಹಡಗು ಬಂದ್ರೂ ಇವಳಿಗೆ ಗೊತ್ತಾಗಲ್ಲ" ಎಂದರು ಆಂಟಿ.

ಉತ್ತರಕ್ಕೆ ಹೊರಟು, ಹೆದ್ದಾರಿಯ ವಿಶ್ರಾಂತಿ ತಾಣದಲ್ಲಿ ಪುಳಿಯೋಗರೆ ತಿಂದೆವು. ನಾನು ನಿಂತುಕೊಂಡೇ ತಿಂದೆ. ತಿನ್ನುತ್ತಾ ಅವರಿಗೆ ಅಮೋಸನ ಕಥೆ ಹೇಳಿದೆ. ಕಲ್ಲುಗಣಿಯವನ ಮಗ, ಮೊದಲು ಗೋರಿಕಲ್ಲು ಕೆತ್ತುತ್ತಿದ್ದ. ಇಟಲಿಗೆ ಹೋಗಿ ಗ್ರೀಕರ ಹಾಗೆ ಕಣ್ಣಿಲ್ಲದ ಚೆಲುವೆಯರನ್ನು ಮಾಡುವುದು ಕಲಿತ. ಈ ದೇಶದ ಅಂತರ್ಯುದ್ಧ ಮುಗಿದ ಮೇಲೆ ಊರೂರಿಗೂ ಸೈನಿಕರ ಪ್ರತಿಮೆ ಬೇಕಾಯಿತು. ಅಮೋಸ್ ಕಂಚಿಗೆ ಕೈಹಾಕಿದ. ಸತ್ತ ಹುಡುಗರ ತಾಯಂದಿರು ಬಂದು ಆ ಪ್ರತಿಮೆಗಳಲ್ಲಿ ಮಗನ ಮುಖ ಹುಡುಕುವುದನ್ನು ನೋಡಿದ ಮೇಲೆ ಅವನ ಕೈ ಬದಲಾಯಿತಂತೆ.

"ಅವನಿಗೆ ಹೆಂಡತಿ ಇದ್ಲಾ?" ಎಂದು ಆಂಟಿ ಕೇಳಿದರು. ನನಗೆ ಗೊತ್ತಿರಲಿಲ್ಲ.

ಲಾಸ್ ಏಂಜಲೀಸ್ ಡೌನ್‌ಟೌನ್ ತಲುಪಿದಾಗ ಹನ್ನೊಂದೂವರೆ. ಮೋಡ ಸರಿದು ಬಿಸಿಲು ಚುರುಗುಟ್ಟುತ್ತಿತ್ತು. ಪಾರ್ಕಿಂಗ್‌ಗೆ ಇಪ್ಪತ್ತು ಡಾಲರ್ ತೆತ್ತು ಓಡುನಡಿಗೆಯಲ್ಲಿ ಹೋದೆ. ಅಲ್ಲಿ ಅಮೋಸನ ಮುಪ್ಪಿನ ಕೆಲಸ ನಿಂತಿತ್ತು, ಕಾಲುವೆ ತೋಡಿಸಿದ ಎಂಜಿನಿಯರ್ ಒಬ್ಬನ ಕಂಚಿನ ಪ್ರತಿಮೆ. ಕಣ್ಣಿನ ಪಾಪೆಯ ಜಾಗದಲ್ಲಿ ಆಳವಾದ ಗುಳಿ. ಗುಳಿಯ ಮೇಲಂಚಿನಲ್ಲಿ ಸಾಸಿವೆಯಷ್ಟು ಲೋಹ ಬಿಟ್ಟಿದ್ದ. ಬಿಸಿಲು ಅದಕ್ಕೆ ತಾಗಿ ಹೊಳೆಯುತ್ತಿತ್ತು, ಉಳಿದದ್ದು ನೆರಳು. ಆ ಮನುಷ್ಯ ನನ್ನನ್ನು ನೋಡುತ್ತಿದ್ದ. ಎಂಥ ಕೈ ಇವನದು ಎಂದು ಹೊಟ್ಟೆಕಿಚ್ಚಾಯಿತು.

ಆಂಟಿ ನೋಡಿದ್ದು ಬೇರೆಯದನ್ನು. "ಇವನ ಒಂದು ರೆಪ್ಪೆ ಜೋತುಬಿದ್ದಿದೆ, ನೋಡು."

ಹೌದು. ಪ್ರತಿಮೆ ಮಾಡಿಸಿದ ಸಮಿತಿಯವರು ರೆಪ್ಪೆ ಸರಿಮಾಡಲು ಹೇಳಿದರೂ ಶಿಲ್ಪಿ ಒಪ್ಪಲಿಲ್ಲವೆಂದು ಪಕ್ಕದ ಫಲಕದಲ್ಲಿ ಬರೆದಿತ್ತು. ಅದನ್ನು ಕನ್ನಡದಲ್ಲಿ ಹೇಳಿದೆ. ಆಂಟಿ ಬೆಂಚಿನ ಮೇಲೆ ಕೂತುಬಿಟ್ಟರು.

"ನಮ್ಮವರ ಎಡಗಣ್ಣು ವಾರೆ ಇತ್ತು ಕಣಪ್ಪ. ಯಾವಾಗ್ಲೂ ಟಿಂಟೆಡ್ ಕನ್ನಡಕ ಹಾಕ್ತಿದ್ರು. ನಿನಗೆ ಕೊಟ್ಟ ಫೋಟೋದಲ್ಲಿ ಅಸೋಸಿಯೇಶನ್‌ನವರು ಸರಿ ಮಾಡಿಸಿಬಿಟ್ಟಿದ್ರು."

"ನೀವ್ಯಾಕೆ ಆಂಟಿ ಮುಂಚೆನೇ ಹೇಳ್ಲಿಲ್ಲ?"

"ದೇವರನ್ನ ಮಾಡೋ ಮನೆಯವನು ನೀನು. ವಾರೆಗಣ್ಣು ಮಾಡು ಅಂತ ನಿನಗೆ ಯಾವ ಬಾಯಲ್ಲಿ ಹೇಳ್ಲಿ?"

ನಮ್ಮ ಮನೆಯಲ್ಲಿ ಕಣ್ಣು ಕೂದಲೆಳೆಯಷ್ಟು ಓರೆಯಾದರೂ ಆ ವಿಗ್ರಹವನ್ನು ಪೂಜೆಗೆ ಕೊಡುವುದಿಲ್ಲ, ನೀರಿಗೆ ಬಿಡುತ್ತೇವೆ. ಬೇಕೆಂದೇ ಓರೆ ಮಾಡಲು ನನ್ನ ಕೈ ಏಳುತ್ತದೆಯೇ ಎಂದು ಭಯವಾಯಿತು.

ಚಾಟ್ಸ್‌ವರ್ತ್‌ಗೆ ಮೂವತ್ತು ಮೈಲಿ. ಮುಂದೆ ಎಲ್ಲೋ ಅಪಘಾತವಾಗಿ ವಾಹನಗಳು ತೆವಳುತ್ತಿದ್ದವು. ನಾನು ಲೇನ್ ಬದಲಾಯಿಸುತ್ತಾ, ಹಾರ್ನ್ ಒತ್ತುತ್ತಾ, ಯಾರನ್ನೋ ಬೈಯುತ್ತಾ ಹೋದೆ.

"ನಿಧಾನಕ್ಕೆ ಡ್ರೈವ್ ಮಾಡಪ್ಪ" ಎಂದರು ಆಂಟಿ. "ಅವರು ಈಗ ಎಲ್ಲಿಗೂ ಹೋಗಲ್ಲ."

ಚಾಟ್ಸ್‌ವರ್ತ್ ಇರುವ ಕಣಿವೆಯಲ್ಲಿ ಬೆಂಕಿಯಂಥ ಸೆಕೆ. ಗೋದಾಮುಗಳ ಸಾಲಿನಲ್ಲಿದ್ದ ಕಾರ್ಖಾನೆ ಹುಡುಕಿ ಒಳಗೆ ಹೋದರೆ, ಲಿಂಡಾ ಮೇಣದ ತಲೆಯನ್ನು ಮೇಜಿನ ಮೇಲಿಟ್ಟು ಕಾಯುತ್ತಿದ್ದಳು. ಕೆಲಸಗಾರರು ಮನೆಗೆ ಹೋಗುವುದರೊಳಗೆ ಲೇಪ ಹಾಕಬೇಕು, ಬೇಗ ಮುಗಿಸು ಎಂದಳು.

ಬಿಸಿ ಮಾಡಿದ ಸಣ್ಣ ಕತ್ತಿಯಿಂದ ಬಲಗಣ್ಣು ಸಲೀಸಾಗಿ ಬಂತು. ಎಡಗಣ್ಣಿನ ಪಾಪೆ ಎಲ್ಲಿಗೆ ಬರಬೇಕೆಂದು ಕತ್ತಿಯ ತುದಿಯಲ್ಲಿ ಗುರುತು ಮಾಡಿ ತೋರಿಸಿದೆ.

"ಇನ್ನೂ ಹೊರಗಡೆ" ಎಂದರು ಆಂಟಿ. ಅಳಿಸಿ ಮತ್ತೆ ಗುರುತಿಸಿದೆ. "ಇನ್ನೊಂಚೂರು... ಹಾಂ, ಸಾಕು."

ಉಳಿ ಹಿಡಿಯುವುದು ಕಲಿಸಿದ ಅಜ್ಜನಿಗೆ ಕಣ್ಣು ಮುಚ್ಚಿ ಮನಸ್ಸಿನಲ್ಲೇ ಕೈಮುಗಿದೆ, ಆಮೇಲೆ ಕೊರೆದೆ. ಮೇಲಂಚಿನಲ್ಲಿ ಸಾಸಿವೆಯಷ್ಟು ಮೇಣ ಬಿಟ್ಟೆ.

ನಮ್ಮಲ್ಲಿ ಹೊಸದಾಗಿ ತೆರೆದ ಕಣ್ಣಿನ ಮೊದಲ ನೋಟ ಬಲು ತೀಕ್ಷ್ಣ ಎಂದು ನಂಬಿಕೆ. ಅದು ಮನುಷ್ಯರ ಮೇಲೆ ಬೀಳದಂತೆ ಎದುರಿಗೆ ಕನ್ನಡಿ ಹಿಡಿಯುತ್ತಾರೆ. ಕೈಗೆ ಕನ್ನಡಿ ಸಿಗದೆ, ಪರದೆಯಲ್ಲಿ ಡಾಕ್ಟರ ಮುಖವೇ ಕಾಣುವಂತೆ ಫೋನಿನ ಸೆಲ್ಫಿ ಕ್ಯಾಮೆರಾ ತೆರೆದು ಎದುರಿಗೆ ಹಿಡಿದೆ. ಆಂಟಿ ಬಂದು ನನ್ನ ಕೈಯನ್ನು ಮೆಲ್ಲಗೆ ಪಕ್ಕಕ್ಕೆ ಸರಿಸಿದರು. ಅವರು ನೇರ ಎದುರಿಗೆ ನಿಲ್ಲಲಿಲ್ಲ. ಡಾಕ್ಟರ ಎಡಗಡೆಗೆ ಹೋಗಿ, ಆ ವಾರೆಗಣ್ಣಿನ ನೇರಕ್ಕೆ ನಿಂತು ಸೆರಗು ಸರಿಮಾಡಿಕೊಂಡರು.

"ಜನ ಎಲ್ಲಾ ಎದುರಿಗೆ ನಿಂತು ಮಾತಾಡ್ತಿದ್ರು" ಎಂದರು. "ಈ ಕಡೆ ನಾನೊಬ್ಳೇ ನಿಲ್ತಿದ್ದೆ."

ಲೇಪ ಕಲಸಿ ಆಗಿದೆ, ತಡ ಮಾಡುವಂತಿಲ್ಲ ಎನ್ನುತ್ತಾ ಲಿಂಡಾ ತಲೆಯನ್ನು ಎತ್ತಿಕೊಳ್ಳಲು ಬಂದಳು. ನಾನು ಅವಳಿಗೆ ಅಡ್ಡ ನಿಂತು, ಇನ್ನೂ ಸ್ವಲ್ಪ ಹೊತ್ತು ಇರಲಿ ಎಂದೆ.