ದೊಡ್ಡಪ್ಪನ ಗದ್ದೆಯೂ ಸಾರ್ವಜನಿಕ ಹಿತಾಸಕ್ತಿಯೂ

"ನಿಂಗರಾಜನ ಮೇಲೆ ಪಿಐಎಲ್ ಆಕ್ಬೇಕು ಕಣವ್ವ. ಸ್ಕೂಟರ್ ತೆಗಿ, ಮಂಡ್ಯಕ್ಕೋಗವ."

ಕಳೆದ ಮಂಗಳವಾರ ಬೆಳಿಗ್ಗೆ ಏಳೂವರೆಗೆ ನಮ್ಮ ದೊಡ್ಡಪ್ಪ ಹೀಗೆಂದಾಗ ನಾನು ಹಲ್ಲುಜ್ಜುತ್ತಿದ್ದೆ. (ಸಮಯ ಹೇಗೆ ನೆನಪಿದೆ ಎಂದು ಕೇಳಬೇಡಿ. ಎಲ್ಲವನ್ನೂ ದಿನಚರಿಯಲ್ಲಿ ಬರೆದಿಡುವ ಹುಚ್ಚು ನನಗೆ.)

ನಿಂಗರಾಜಣ್ಣ ಯಾರು? ಮದ್ದೂರಿನ ಹತ್ತಿರದ ನಮ್ಮೂರು ಕೊಪ್ಪದಲ್ಲಿ ದೊಡ್ಡಪ್ಪನ ಪಕ್ಕದ ಗದ್ದೆಯವರು. ದೊಡ್ಡಪ್ಪನ ಕಬ್ಬು ರಸ್ತೆ ಸೇರಬೇಕಾದರೆ ಟ್ರಾಕ್ಟರ್ ಅವರ ಗದ್ದೆಯ ಅಂಚಿನಲ್ಲೇ ಹೋಗಬೇಕು. ಹೋದ ವರ್ಷ ಹಾಗೆ ಹೋದ ಟ್ರಾಕ್ಟರ್ ಅವರ ಬದು ಮುರಿಯಿತು. ಭತ್ತಕ್ಕೆ ನಿಲ್ಲಿಸಿದ್ದ ನೀರೆಲ್ಲ ಹರಿದುಹೋಯಿತು. "ನಾಳೆ ಸರಿ ಮಾಡುಸ್ತೀನಿ ಬುಡು" ಎಂದರು ದೊಡ್ಡಪ್ಪ.

ಆ ನಾಳೆ ಇನ್ನೂ ಬಂದಿಲ್ಲ. ಬಂದದ್ದು ಮುಳ್ಳುತಂತಿಯ ಬೇಲಿ. ಈಗ ಕಬ್ಬು ಕಟಾವಿಗೆ ನಿಂತಿದೆ, ಫ್ಯಾಕ್ಟರಿಯಿಂದ ಕಟಿಂಗ್ ಆರ್ಡರ್ ಬಂದಿದೆ, ದಾರಿ ಇಲ್ಲ. ಬಿಟ್ಟರೆ ಒಣಗುತ್ತದೆ, ವರ್ಷದ ದುಡಿಮೆ ಗದ್ದೆಯಲ್ಲೇ ಹೋಗುತ್ತದೆ.

ಅದಕ್ಕೆ ಪಿಐಎಲ್ಲಾ, ಅಂದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿಯಾ? ಅದು ಟಿವಿಯ ಕೊಡುಗೆ. ಕೆರೆ ಉಳಿಸಲು ಯಾರೋ ಹೈಕೋರ್ಟಿಗೆ ಹೋಗಿ ಗೆದ್ದ ಸುದ್ದಿ ನೋಡಿದ ದೊಡ್ಡಪ್ಪ, ಮಾರನೇ ಬೆಳಿಗ್ಗೆಯೇ ಹಾಲಿನ ಡೇರಿ ಮುಂದೆ ನಿಂತು ಸಹಿ ಹಾಕಿಸಿದರು. ಮೂವತ್ತೆಂಟು ಸಹಿ. (ಎಣಿಸಿದವಳು ನಾನೇ. ಹನ್ನೊಂದು ನಮ್ಮ ನೆಂಟರವು.)

ಮಂಡ್ಯದ ವಕೀಲೆ ನನ್ನ ಗೆಳತಿಯ ಅಕ್ಕ, ಮಳವಳ್ಳಿಯವರು. ಮಾತು ಕಡ್ಡಿ ಮುರಿದಂತೆ.

"ಯಜಮಾನ್ರೇ, ಇದರಲ್ಲಿ ಸಾರ್ವಜನಿಕರು ಯಾರು?"

"ನಾನೇ ಕಣಮ್ಮ."

"ಒಬ್ರೇನಾ?"

"ಊರೋರೆಲ್ಲ ಸೈನ್ ಆಕವ್ರಲ್ಲ!"

"ಕಬ್ಬು ಯಾರದು?"

"ನಂದು."

"ಮತ್ತೆ? ಇದು ನಿಮ್ಮಿಬ್ಬರ ಜಮೀನಿನ ಜಗಳ. ಪಿಐಎಲ್ ಅಂತ ಹೈಕೋರ್ಟು ತಗೊಳ್ಳಲ್ಲ, ಸಿವಿಲ್ ಕೋರ್ಟಿಗೆ ಹೋಗಿ ಅನ್ನುತ್ತೆ. ಟೈಮ್ ವೇಸ್ಟ್ ಮಾಡಿದ್ರಿ ಅಂತ ದಂಡ ಹಾಕಿದ್ರೂ ಹಾಕಬಹುದು."

ದೊಡ್ಡಪ್ಪ ಅಷ್ಟಕ್ಕೆಲ್ಲ ಬಗ್ಗುವವರೇ? "ಅಂಗಾರೆ ಅದು ಊರ್ ದಾರಿ ಅಂತ ಬರ್ಕಳಿ."

"ಬರೆಯೋಣ. ನಿಮ್ಮ ಗದ್ದೆಯ ಆಚೆ ಏನಿದೆ?"

"ಇನ್ನೂ ಐದಾರ್ ಜನದ ಗದ್ದೆ. ಆಮ್ಯಾಕೆ ನಾಲೆ."

"ಸರಿ. ಊರ ದಾರಿ ಅಂದಮೇಲೆ ಅವರೆಲ್ಲರ ಟ್ರಾಕ್ಟರೂ ನಿಮ್ಮ ಗದ್ದೆ ಮೇಲೇ ಓಡಾಡುತ್ತೆ. ಒಪ್ಪಿಗೆನಾ?"

ದೊಡ್ಡಪ್ಪ ಕುರ್ಚಿಯಿಂದ ಅರ್ಧ ಎದ್ದರು. "ನನ್ ಗದ್ದೆ ಮ್ಯಾಲಾ? ಅದ್ಯಾಕ್ ಬುಡ್ಲಿ? ಅದು ನಮ್ಮಪ್ಪ ಮಾಡಿದ್ ಗದ್ದೆ ಕಣಮ್ಮ!"

ವಕೀಲೆ ನಕ್ಕರು. ನಾನೂ ನಕ್ಕೆ. ದೊಡ್ಡಪ್ಪ ನಗಲಿಲ್ಲ.

ನಕ್ಕೆ ನಿಜ, ಆದರೆ ನಾವೆಲ್ಲ ಹೀಗೇ ಅಲ್ಲವೇ? ನಮ್ಮ ಮನೆ ಮುಂದಿನ ಗುಂಡಿ ದೇಶದ ಸಮಸ್ಯೆ. ಪಕ್ಕದ ಬೀದಿಯ ಗುಂಡಿ ಪಕ್ಕದ ಬೀದಿಯವರದು. ಪಿಐಎಲ್ ಎಂಬುದು ಬಾಯಿಲ್ಲದ ಕೆರೆಗೆ, ಕೋರ್ಟಿನ ಮೆಟ್ಟಿಲು ಹತ್ತಲಾಗದವರಿಗೆ ತೆರೆದಿಟ್ಟ ಬಾಗಿಲು. ಅಲ್ಲಿ ನಾವು ನಮ್ಮ ನಮ್ಮ ಬೇಲಿ ಹೊತ್ತು ನಿಂತರೆ ಅವರು ಎಲ್ಲಿ ನಿಲ್ಲಬೇಕು?

ವಾಪಸ್ ಬರುವಾಗ ಮದ್ದೂರಿನಲ್ಲಿ ಕಾಫಿಗೆ ನಿಲ್ಲಿಸಿದೆ. ದೊಡ್ಡಪ್ಪ ಲೋಟ ಖಾಲಿ ಮಾಡಿ ಕೆಳಗಿಟ್ಟರು. ಆಮೇಲೆ ಕೇಳಿದರು: "ನಿಮ್ಮನೇಲಿ ಗುದ್ದಲಿ ಐತವ್ವ?"

ಬೇಲಿ ಕೀಳಲು ಹೊರಟರು ಎಂದುಕೊಂಡೆ. ಬುಧವಾರ ಬೆಳಿಗ್ಗೆ ಗುದ್ದಲಿ ಹೆಗಲಿಗೇರಿಸಿ ಹೊರಟವರ ಹಿಂದೆಯೇ ಹೋದೆ. ಬೇಲಿಯ ಹತ್ತಿರ ಗುದ್ದಲಿ ಕಂಡ ನಿಂಗರಾಜಣ್ಣ ಆ ಕಡೆಯಿಂದ ಓಡಿಬಂದರು.

"ಲೇ! ಬೇಲಿ ಕೀಳ್ತಿದ್ದೀಯೇನ್ಲಾ?"

"ಬದು ಕಟ್ತಾವ್ನಿ ಕಣ್ಲಾ. ಕಣ್ ಕಾಣಕ್ಕಿಲ್ವಾ?"

ನಿಂಗರಾಜಣ್ಣ ಸೊಂಟದ ಮೇಲೆ ಕೈಯಿಟ್ಟು ನೋಡಿದರು. "ಇದ್ನ ಕಟ್ಟೋದು ಅಂತಾರೇನ್ಲಾ? ಕೊಡಿಲ್ಲಿ" ಎಂದು ಗುದ್ದಲಿ ಕಿತ್ತುಕೊಂಡು ತಾವೇ ಮಣ್ಣು ಮೆತ್ತಿದರು. ಬದು ನಿಂತಿತು.

ದೊಡ್ಡಪ್ಪ ಕೆಸರು ನೋಡುತ್ತಲೇ ಅಂದರು: "ಕಬ್ ಎತ್ಬೇಕು. ದಾರಿ ಬುಡ್ಲಾ."

ನಿಂಗರಾಜಣ್ಣ ಗುದ್ದಲಿ ಕೆಳಗಿಟ್ಟರು. ಬೇಲಿಯ ಬಳಿ ಹೋಗಿ ಮುಳ್ಳುತಂತಿ ಬಿಚ್ಚತೊಡಗಿದರು. ಮೊದಲ ಸುತ್ತು ಬಿಚ್ಚಿದ ಮೇಲೆ ತಿರುಗಿ ಕೇಳಿದರು:

"ಅಲ್ಲ ಕಣ್ಲಾ, ಆವತ್ತು ಡೇರಿ ತಾವ ಊರೋರ್ನೆಲ್ಲ ಕೇಳ್ದೆ. ನಾನೂ ಆಲಿನ ಕ್ಯಾನ್ ಇಡ್ಕಂಡ್ ಅಲ್ಲೇ ನಿಂತಿದ್ದೆ. ನನ್ನೊಬ್ಬನ್ನ ಯಾಕ್ಲಾ ಕೇಳ್ಲಿಲ್ಲ? ನಾನೇನ್ ಪಬ್ಲಿಕ್ ಅಲ್ವಾ?"