ದುರ್ಗಾಳ ಅರ್ಧ ಪಗಾರ

ತಂಬೂರಿನ ಮಾದೇವಿಗೆ ಒಬ್ಬಳೇ ಮಗಳು, ದುರ್ಗಾ. ಗಂಡ ಕಾಮಾಲೆಯಾಗಿ ತೀರಿಕೊಂಡಾಗ ಹುಡುಗಿ ಇನ್ನೂ ಕನ್ನಡ ಶಾಲೆಯಲ್ಲಿದ್ದಳು. ಮಾದೇವಿ ಕಂಡವರ ಹೊಲದಲ್ಲಿ ಗೋವಿನಜೋಳ ಮುರಿದು, ಗದ್ದೆಯಲ್ಲಿ ಕಸ ಕಿತ್ತು ಮಗಳನ್ನು ಪಿಯುಸಿವರೆಗೆ ಓದಿಸಿದಳು. ಅಷ್ಟರಲ್ಲಿ ಅವಳ ಮೊಣಕಾಲು ಹಿಡಿದವು. ದುರ್ಗಾ ಹುಬ್ಬಳ್ಳಿಯ ಸೀರೆ ಅಂಗಡಿಯೊಂದಕ್ಕೆ ಕೆಲಸಕ್ಕೆ ಸೇರಿದಳು.

ಮುಂಜಾನೆಯ ಬಸ್ಸಿಗೆ ಹೋದವಳು ಕತ್ತಲಾಗುವ ಹೊತ್ತಿಗೆ ಬರುತ್ತಿದ್ದಳು. ಊಟಕ್ಕೆ ಕೂತಾಗ ಗಿರಾಕಿಗಳ ಧ್ವನಿ ತೆಗೆದು ತಾಯಿಯನ್ನು ನಗಿಸುವುದು ಅವಳ ಚಾಳಿ. “‘ಬಣ್ಣ ಚಲೋ ಐತಿ, ಅಂಚು ಬ್ಯಾಡ. ಅಂಚು ಚಲೋ ಐತಿ, ಬಣ್ಣ ಬ್ಯಾಡ.’ ಗುಡ್ಡದಷ್ಟು ಸೀರಿ ಬಿಚ್ಚಿಸಿ ಒಂದು ಕರ್ಚೀಪ್ ತಗೊಂಡು ಹೋದ್ಲು ಬೇ ಒಬ್ಬಾಕಿ!” ಪಗಾರ ಚೀಟಿಯಿಲ್ಲದೆ ನಗದು ರೊಕ್ಕದಲ್ಲೇ ಕೈಗೆ ಬರುತ್ತಿತ್ತು. ಅದನ್ನು ತಂದು ತಾಯಿಯ ಕೈಗೆ ಕೊಟ್ಟು, ಬಸ್ಸಿನ ಪಾಸಿಗೆ ಬೇಕಾದಷ್ಟನ್ನು ತಿರುಗಿ ಇಸಿದುಕೊಳ್ಳುತ್ತಿದ್ದಳು.

ಬಮ್ಮಿಗಟ್ಟಿಯ ಮೈಲಾರಿಯ ಜೊತೆ ಅವಳ ಮದುವೆ ಗೊತ್ತಾಯಿತು. ಮನೆಗಳಿಗೆ ಕರೆಂಟಿನ ವೈರು ಎಳೆಯುವ ಕೆಲಸ ಅವನದು. ಮಾತುಕತೆಗೆ ಹಿರಿಯರು ಕೂತಿದ್ದಾಗ ದುರ್ಗಾ ಅಡುಗೆಮನೆಯಿಂದ ಹೊರಗೆ ಬಂದು ನಿಂತಳು.

“ಲಗ್ನ ಆದಮ್ಯಾಲೂ ನಾ ಕೆಲಸ ಬಿಡೂದಿಲ್ರಿ. ಅವ್ವಗ ನನ್ನ ಬಿಟ್ರ ಯಾರೂ ಇಲ್ಲ. ನನ್ನ ಪಗಾರದಾಗ ಅಕಿನ್ನ ನೋಡ್ಕೊಂತೀನಿ. ಇದು ಒಪ್ಪಿಗಿ ಇದ್ರ ಮುಂದಿನ ಮಾತು ಆಡ್ರಿ.”

ಹಿರಿಯರು ಮುಖ ಮುಖ ನೋಡಿಕೊಂಡರು. ಮೈಲಾರಿ ನಕ್ಕುಬಿಟ್ಟ. “ನಾ ಏನು ಪಗಾರ ನೋಡಿ ಬಂದೀನೇನ್ರಿ? ಆಗ್ಲಿ ಬಿಡ್ರಿ.”

ದೀಪಾವಳಿಗೆ ಮುಂಚೆ ಅಂಗಡಿಯಲ್ಲಿ ಗದ್ದಲ ಹೆಚ್ಚಿ, ಬರುವುದು ತಡವಾಗುತ್ತಿತ್ತು. ಒಂದು ಸಂಜೆ ಊರಿನ ಕ್ರಾಸಿನಲ್ಲಿ ಇಳಿದು ರಸ್ತೆ ದಾಟುವಾಗ, ನಿಂತ ಬಸ್ಸನ್ನು ಹಿಂದೆ ಹಾಕಿ ಬಂದ ಟಿಪ್ಪರ್ ಅವಳಿಗೆ ಬಡಿಯಿತು. ಆಸ್ಪತ್ರೆ ಮುಟ್ಟುವುದರೊಳಗೆ ಜೀವ ಹೋಗಿತ್ತು.

ಮಾದೇವಿಯ ಅಣ್ಣ ಹುಲಿಗೆಪ್ಪನೇ ಓಡಾಡಿ ನಂದಾ ಎಂಬ ವಕೀಲೆಯ ಕಡೆಯಿಂದ ಪರಿಹಾರದ ಕೇಸು ಹಾಕಿಸಿದ. ಮಾದೇವಿ ಸಾಕ್ಷಿ ಹೇಳುವ ಮುಂಚೆ ನಂದಾ ಎಲ್ಲ ಬಿಡಿಸಿ ಹೇಳಿದರು. ಸತ್ತವರ ಗಳಿಕೆ ಹಿಡಿಯುತ್ತಾರೆ, ಮುಂದೆ ಹೆಚ್ಚಾಗಬಹುದಾಗಿದ್ದದ್ದನ್ನು ಸೇರಿಸುತ್ತಾರೆ, ಅವರ ಸ್ವಂತ ಖರ್ಚು ಕಳೆಯುತ್ತಾರೆ, ಉಳಿದದ್ದನ್ನು ವಯಸ್ಸಿಗೆ ತಕ್ಕ ಅಂಕಿಯಿಂದ ಗುಣಿಸುತ್ತಾರೆ. “ಆದ್ರ ಟಿಪ್ಪರಿನ ಇನ್ಶೂರೆನ್ಸಿನವರು ಮದುವಿ ವಿಷಯ ತೆಗೀತಾರ. ಗಂಡನ ಮನಿಗೆ ಹೋಗೂ ಮಗಳ ಗಳಿಕಿ ತಾಯಿಗೆ ಹೆಂಗ ಬರ್ತಿತ್ತು ಅಂತಾರ. ನೀವು ಇದ್ದದ್ದು ಹೇಳ್ರಿ.”

ಹೊರಗೆ ಬಂದ ಮೇಲೆ ಹುಲಿಗೆಪ್ಪ ಮೆಲ್ಲಗೆ ಅಂದ: “ಇದ್ದದ್ದು ಹೇಳಿದ್ರ ಕೆಟ್ಟೇವಿ. ಲಗ್ನದ ಮಾತ ಆಡಿರಲಿಲ್ಲ ಅಂದುಬಿಡು.”

ಕಟಕಟೆಯಲ್ಲಿ ಇನ್ಶೂರೆನ್ಸ್ ಕಂಪನಿಯ ವಕೀಲರು ಅದನ್ನೇ ಕೇಳಿದರು, ಮಗಳ ಮದುವೆ ಗೊತ್ತಾಗಿತ್ತೇ ಎಂದು. ಮಾದೇವಿ ಅಣ್ಣನ ಕಡೆ ನೋಡಲಿಲ್ಲ.

“ಗೊತ್ತಾಗಿತ್ರಿ. ಹುಡುಗ ಬಮ್ಮಿಗಟ್ಟಿಯಾಂವ.”

“ಅಂದರೆ ಮದುವೆ ಆದಮೇಲೆ ಆಕೆ ನಿಮಗೆ ದುಡ್ಡು ಕೊಡುತ್ತಿರಲಿಲ್ಲ.”

“ಹಂಗ ಕೈ ಬಿಡಾಕಿ ಅಲ್ರಿ ಅಕಿ. ಬೀಗರ ಮುಂದನ ಹೇಳ್ಯಾಳ.”

ಮುಂದಿನ ತಾರೀಖಿಗೆ ಮೈಲಾರಿ ತಾನಾಗಿ ಬಂದು ಸಾಕ್ಷಿ ಹೇಳಿದ. ದುರ್ಗಾಳ ಮಾತಿಗೆ ತಾನು ಒಪ್ಪಿದ್ದು ನಿಜ ಎಂದ. ಹೀಗೆ ಹೇಳಿದರೆ ನಿಮಗೆಷ್ಟು ಪಾಲು ಎಂದು ಕಂಪನಿಯ ವಕೀಲರು ಕೇಳಿದಾಗ ಅವನಿಗೆ ಸಿಟ್ಟು ಬರಲಿಲ್ಲ. “ನನಗೇನೂ ಬರೂದಿಲ್ರಿ. ನಾ ಅಕಿಗೆ ಏನೂ ಆಗಿಲ್ಲಲ್ರಿ ಇನ್ನೂ,” ಎಂದು ತಲೆ ತಗ್ಗಿಸಿದ.

ತೀರ್ಪು ಬರಲು ವರ್ಷವೇ ಹಿಡಿಯಿತು. ತಾಯಿ ಮಗಳನ್ನೇ ನೆಚ್ಚಿದ್ದಳೆಂದು ನ್ಯಾಯಾಧೀಶರು ಒಪ್ಪಿದರು. ಆದರೆ ಪಗಾರಕ್ಕೆ ಚೀಟಿ ಇರಲಿಲ್ಲವಾದ್ದರಿಂದ ಗಳಿಕೆಯನ್ನು ಅಂದಾಜಿನ ಮೇಲೆ ಹಿಡಿದಿದ್ದರು. ಅದರಲ್ಲೂ ಅರ್ಧ ಕಳೆದಿದ್ದರು. ಕೋರ್ಟಿನ ಪಡಸಾಲೆಯಲ್ಲಿ ನಂದಾ ಇದನ್ನೆಲ್ಲ ಹೇಳುತ್ತಿದ್ದಾಗ ಮಾದೇವಿ ನಡುವೆ ತಡೆದಳು.

“ಅರ್ಧಾ ಯಾಕ್ರಿ ಬಾಯಾರ?”

“ಮದುವಿ ಆಗಲಾರದವರು ಅರ್ಧ ಗಳಿಕಿ ತಮಗ ಖರ್ಚು ಮಾಡ್ಕೊಂತಾರ ಅಂತ ಹಿಡಿಯೂದು ರೂಢಿ ಐತ್ರಿ. ದುರ್ಗಾಗ ಅಂತ ಅಲ್ಲ.”

ಮಾದೇವಿ ಅಲ್ಲೇ ಬೆಂಚಿನ ಮೇಲೆ ಕೂತಳು. ಕೇಸು ನಡೆದಷ್ಟು ದಿನವೂ ಕೋರ್ಟಿನಲ್ಲಿ ಅತ್ತವಳಲ್ಲ.

“ಹಂಗರ ತನಗ ಖರ್ಚು ಮಾಡ್ಕೊಂಡಿದ್ರ ಎಷ್ಟು ಚಲೋ ಆಗ್ತಿತ್ರಿ,” ಎಂದಳು. “ಚಪ್ಪಲ್ ಹರದಾವು, ಹೊಸಾವು ತಗೊಳ್ಳಲೇನ ಬೇ ಅಂತ ಕೇಳಿದ್ಲು. ಮುಂದಿನ ತಿಂಗಳ ನೋಡೂಣು ಅಂದೆ ನಾ. ಹೂಂ ಅಂದು ಪಿನ್ನು ಚುಚ್ಚಿಕೊಂಡು ಹ್ವಾದ್ಲು. ತಗೋ ಅನ್ನಬೇಕಾಗಿತ್ರಿ ನಾ. ತಗೋ ಅನ್ನಬೇಕಾಗಿತ್ತು.” ಸೆರಗು ಬಾಯಿಗೆ ಒತ್ತಿಕೊಂಡು ಅವಳು ಅತ್ತಳು. ನಂದಾ ಪಕ್ಕದಲ್ಲಿ ಕೂತು ಅವಳ ಬೆನ್ನ ಮೇಲೆ ಕೈಯಿಟ್ಟರು. ಒಳಗೆ ಮುಂದಿನ ಕೇಸಿನವರ ಹೆಸರು ಕೂಗುತ್ತಿದ್ದರು.

ಹಣದ ಹೆಚ್ಚು ಪಾಲನ್ನು ಕೋರ್ಟು ಬ್ಯಾಂಕಿನಲ್ಲಿ ಠೇವಣಿ ಇಡಿಸಿತು. ಬಡ್ಡಿ ತಿಂಗಳಿಗೊಮ್ಮೆ ಬರುತ್ತದೆ. ಮಾದೇವಿ ಕುಂಟುತ್ತಲೇ ಕೂಲಿಗೆ ಹೋಗುತ್ತಿದ್ದದ್ದನ್ನು ಬಿಟ್ಟಳು. ಮೊಣಕಾಲಿಗೆ ಔಷಧ ಮಾಡಿಸಿಕೊಂಡಳು. ಮಗಳು ಹೇಳುತ್ತಿದ್ದದ್ದೂ ಅದನ್ನೇ, ಆದರೆ ಆಗ ರೊಕ್ಕ ಇರಲಿಲ್ಲ.

ಮುಂದೆ ಮೈಲಾರಿಗೆ ಬೇರೆ ಕಡೆ ಹೆಣ್ಣು ನೋಡಿದರು. ಅವನು ಬಂದು ಮಾದೇವಿಯ ಮನೆಯ ಕಟ್ಟೆಯ ಮೇಲೆ ಕೂತ. ಸುದ್ದಿ ಮಾದೇವಿಗೆ ಮೊದಲೇ ಮುಟ್ಟಿತ್ತು.

“ಆಗು ತಮ್ಮಾ. ಎಷ್ಟಂತ ಹಿಂಗ ಇರ್ತಿ?” ಎಂದಳು.

ಅವನ ಲಗ್ನದ ದಿನ ಮಾದೇವಿ ಹೊಸ ಕುಪ್ಪಸ ತೊಟ್ಟು ಕ್ರಾಸಿನವರೆಗೆ ನಡೆದಳು. ಬಸ್ಸು ಬಂದು ನಿಂತರೂ ಹತ್ತಲಾಗಲಿಲ್ಲ, ತಿರುಗಿ ಮನೆಗೆ ಬಂದಳು. ಕೆಲವು ದಿನ ಕಳೆದು ಮೈಲಾರಿಯೇ ಹೆಂಡತಿಯನ್ನು ಕರೆದುಕೊಂಡು ಬಂದ. ಮಾದೇವಿ ಇಬ್ಬರಿಗೂ ಬಿಸಿ ರೊಟ್ಟಿ ಬಡಿದು ಹಾಕಿದಳು. ಉಂಡಾದ ಮೇಲೆ ಆ ಹುಡುಗಿ ತಾಟು ತೊಳೆಯಲು ಎದ್ದಾಗ, “ಇರಲಿ ಬಿಡವಾ, ನಾ ತೊಳೀತೀನಿ,” ಎಂದು ಅವಳ ಕೈಯಿಂದ ತೆಗೆದುಕೊಂಡಳು.